ತಿಂಗಳಿಗೆ ಮೂರು ನೂಲು

ನನ್ನ ಗಂಡ ಶಿವನಂಜನಿಗೆ ಎತ್ತರ ಆಗಿಬರುವುದಿಲ್ಲ ಎಂಬುದು ಗೊತ್ತಾದದ್ದು ನಮ್ಮ ಗೃಹಪ್ರವೇಶದ ದಿನ, ಏಣಿಯ ಎಂಟನೆಯ ಮೆಟ್ಟಿಲಿನ ಮೇಲೆ. ಏಳು ಮೆಟ್ಟಿಲುಗಳನ್ನು ಏನೋ ಗುನುಗಿಕೊಂಡೇ ಹತ್ತಿದ. ಎಂಟಕ್ಕೆ ಕಾಲಿಟ್ಟವನು ಒಮ್ಮೆ ಕೆಳಗೆ ನೋಡಿದ. ಅಷ್ಟೇ, ಏಣಿಯನ್ನು ಎರಡೂ ಕೈಗಳಿಂದ ತಬ್ಬಿಕೊಂಡು ಕಣ್ಣು ಮುಚ್ಚಿಬಿಟ್ಟ. ಇಪ್ಪತ್ತು ಅಡಿ ಮೇಲೆ ನಮ್ಮ ಹೊಸ ಮನೆ ಮಾವಿನ ತೋರಣ ಕಟ್ಟಿಕೊಂಡು ತೇಲುತ್ತಿತ್ತು. ಒಳಗೆ ಹಾಲು ಉಕ್ಕಿ ಒಲೆಯೇ ನಂದಿಹೋಗಿತ್ತು. ಪುರೋಹಿತರು ಬಾಗಿಲಿನಿಂದ ಬಗ್ಗಿ, ಮುಹೂರ್ತ ಮೀರುತ್ತಿದೆ ಎಂದು ಮೊದಲು ಮೆಲ್ಲಗೆ, ಆಮೇಲೆ ಜೋರಾಗಿ ಹೇಳಿದರು. ಶಿವನಂಜ ಹಾಗೇ ಏಣಿಗೆ ಕೆನ್ನೆ ಒತ್ತಿಕೊಂಡು, ಬರ್ತೀನಿ ಬರ್ತೀನಿ ಎನ್ನುತ್ತಿದ್ದ, ಬರುತ್ತಿರಲಿಲ್ಲ. ನಾಲ್ಕು ಜನ ಸೇರಿ ಅವನ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಕೆಳಗಿಳಿಸುವಷ್ಟರಲ್ಲಿ ಊಟದ ಹೊತ್ತಾಗಿತ್ತು. ನಾನು ಮೇಲೆ ಒಬ್ಬಳೇ ಪೂಜೆ ಮುಗಿಸಿದೆ. ಅವನು ಕೆಳಗೆ ಮನೆಯ ನೆರಳಿನಲ್ಲಿ ನಿಂತು ಬಂದವರಿಗೆಲ್ಲ ಪಾಯಸ ಬಡಿಸಿದ.

ನಮ್ಮೂರಿನಲ್ಲಿ ಸಾಲದ ಮನೆ ನೆಲ ಮುಟ್ಟುವುದಿಲ್ಲ. ಲಕ್ಷಕ್ಕೆ ಒಂದು ಅಡಿ. ನಾವು ತೆಗೆದುಕೊಂಡದ್ದು ಇಪ್ಪತ್ತು ಲಕ್ಷ, ಆದ್ದರಿಂದ ಇಪ್ಪತ್ತು ಅಡಿ. ಸಾಲ ಕರಗಿದಂತೆ ಮನೆ ಇಳಿಯುತ್ತದೆ, ಪೂರ್ತಿ ತೀರಿದ ದಿನ ನೆಲಕ್ಕೆ ಕೂರುತ್ತದೆ. ಆ ದಿನ ಬೀದಿಯವರೆಲ್ಲ ಒಂದೊಂದು ಹಿಡಿ ಮಣ್ಣು ತಂದು ಹೊಸ್ತಿಲ ಮುಂದೆ ಹಾಕಿ, ಹೋಳಿಗೆ ಉಂಡು ಹೋಗುತ್ತಾರೆ. ಕಲ್ಲಿನ ಮೆಟ್ಟಿಲು ಕಟ್ಟೋಣವೆಂದರೆ ಮನೆ ಇಳಿದ ಹಾಗೆಲ್ಲ ಒಡೆಯಬೇಕು, ಹಾಗಾಗಿ ಎಲ್ಲರದೂ ಏಣಿಯೇ. ಅಕ್ಕಿ ಗಿರಣಿಯ ಸಾಹುಕಾರರೊಬ್ಬರು ತಮ್ಮ ಮನೆಯಡಿ ನಲವತ್ತು ಲಾರಿ ಮಣ್ಣು ಸುರಿಸಿ ನೆಲವನ್ನೇ ಎತ್ತರಿಸಲು ನೋಡಿದರು. ಮಣ್ಣು ಏರಿದಷ್ಟೂ ಮನೆ ಏರಿತು. ಈಗಲೂ ಅವರು ಮೊದಲು ದಿಬ್ಬ ಹತ್ತಿ, ಆಮೇಲೆ ಏಣಿ ಹತ್ತುತ್ತಾರೆ. ಇನ್ನೊಂದು ಕಟ್ಟಳೆ ಇದೆ. ಸಾಲದ ಮನೆಯನ್ನು ರಾತ್ರಿ ಖಾಲಿ ಬಿಡಬಾರದು. ಪತ್ರಕ್ಕೆ ಸಹಿ ಹಾಕಿದವರಲ್ಲಿ ಒಬ್ಬರಾದರೂ ಒಳಗೆ ಮಲಗಬೇಕು, ಇಲ್ಲವಾದರೆ ಬೆಳಗಾಗುವಷ್ಟರಲ್ಲಿ ಮನೆ ಒಂದು ನೂಲು ಮೇಲೇರಿರುತ್ತದೆ. ಇಂಚಿಗೆ ಎಂಟು ನೂಲು. ಒಂದು ನೂಲು ಏರಿತೆಂದರೆ ಸಾಲಕ್ಕೆ ಹೆಚ್ಚುಕಡಿಮೆ ಸಾವಿರ ರೂಪಾಯಿ ಸೇರಿತೆಂದು ಲೆಕ್ಕ.

ಇಷ್ಟೆಲ್ಲ ಗೊತ್ತಿದ್ದೂ ಎತ್ತರ ಆಗದವನು ಸಾಲಕ್ಕೆ ಹೇಗೆ ಸಹಿ ಹಾಕಿದ ಎಂದು ಕೇಳಬೇಡಿ, ಅವನಿಗೇ ಗೊತ್ತಿರಲಿಲ್ಲ. ಅವನು ಹುಟ್ಟಿ ಬೆಳೆದದ್ದು ಹಳೇ ಬೀದಿಯಲ್ಲಿ. ಅಲ್ಲಿಯ ಮನೆಗಳೆಲ್ಲ ಯಾವ ಕಾಲದಲ್ಲೋ ನೆಲಕ್ಕಿಳಿದಂಥವು. ಮಾಡುವ ಕೆಲಸ ಸೈಕಲ್ ರಿಪೇರಿ. ಚಕ್ರ ನೆಲದ ಮೇಲಿರುವ ಕಸುಬು. ಅವನು ಹತ್ತಿದ್ದ ಅತಿ ಎತ್ತರದ ವಸ್ತುವೆಂದರೆ ಮದುವೆಯಲ್ಲಿ ತಾಳಿ ಕಟ್ಟಲು ನಿಂತ ಮಣೆ. ಇವನು, ಅವನು ಎಂದು ನಾನು ಹೇಳುವುದು ನಿಮ್ಮ ಹತ್ತಿರ ಮಾತ್ರ. ಎದುರಿಗೆ 'ನೀವು', 'ರೀ' ಎಂದೇ ಕರೆಯುವುದು.

ನನ್ನದು ಏಣಿ ಕೊಯ್ಯುವ ಕೆಲಸ. ನಮ್ಮ ಸೋದರತ್ತೆ ನಿಂಗಾಜಮ್ಮ ಈ ಊರಿನಲ್ಲಿ ನಲವತ್ತು ವರ್ಷ ಏಣಿ ಕೊಯ್ದವಳು, ನನಗೆ ಗರಗಸ ಹಿಡಿಯಲು ಕಲಿಸಿದವಳೂ ಅವಳೇ. ಸಾಲ ತೆಗೆದ ತಾರೀಖು ವರ್ಷಕ್ಕೊಮ್ಮೆ ಬಂದಾಗ ಮನೆಯವರು ನಮ್ಮನ್ನು ಕರೆಯುತ್ತಾರೆ. ಆ ವರ್ಷ ಮನೆ ಎಷ್ಟು ಇಳಿದಿದೆಯೋ ಅಷ್ಟನ್ನು ಏಣಿಯ ಬುಡದಿಂದ ಕೊಯ್ದು ತೆಗೆಯಬೇಕು. ತೆಂಗಿನಕಾಯಿ, ಎಲೆ ಅಡಿಕೆ, ಕೂಲಿ ಕೊಟ್ಟು ಕಳಿಸುತ್ತಾರೆ. ನಾನು ಕೆಲಸಕ್ಕೆ ಸೇರಿ ಎರಡೇ ವರ್ಷವಾಗಿತ್ತು. ಕೆಲವು ಮನೆಗಳಲ್ಲಿ ಎರಡಡಿ ಕೊಯ್ಯುತ್ತಿದ್ದೆ, ಕೆಲವು ಮನೆಗಳಲ್ಲಿ ನಾಲ್ಕೈದು ಇಂಚು. ಎರಡಡಿಯವರು ಕಷ್ಟಪಟ್ಟು ದುಡಿಯುವವರು, ನಾಲ್ಕು ಇಂಚಿನವರು ಸೋಮಾರಿಗಳು ಎಂದು ನಾನೇ ತೀರ್ಮಾನ ಮಾಡಿಕೊಂಡಿದ್ದೆ. ಹೊಸದಾಗಿ ಮದುವೆಯಾದ ಒಂದು ಜೋಡಿಗೆ, ಇಬ್ಬರೂ ದುಡಿಯುತ್ತೀರಿ, ಇಷ್ಟು ಸಣ್ಣ ತುಂಡಿಗೆ ನನ್ನನ್ನು ಕರೆಯಲು ನಾಚಿಕೆಯಾಗುವುದಿಲ್ಲವೇ ಎಂದು ಬುದ್ಧಿ ಬೇರೆ ಹೇಳಿ ಬಂದಿದ್ದೆ. ನೆನೆದರೆ ಈಗಲೂ ಕಿವಿ ಬಿಸಿಯಾಗುತ್ತದೆ.

ನಮ್ಮ ಲೆಕ್ಕ ಬಹಳ ಸುಲಭವಾಗಿತ್ತು. ಇಪ್ಪತ್ತು ವರ್ಷ, ಇಪ್ಪತ್ತು ಅಡಿ, ಇಪ್ಪತ್ತು ಮೆಟ್ಟಿಲು. ವರ್ಷಕ್ಕೊಂದು ಮೆಟ್ಟಿಲು ಹೋಗುತ್ತದೆ. ನಾನು ಒಂದೊಂದು ಮೆಟ್ಟಿಲಿಗೂ ಒಂದೊಂದು ಬಣ್ಣ ಬಳಿದು ಇಸವಿ ಬರೆದಿದ್ದೆ. ಶಿವನಂಜ ಏಳು ಮೆಟ್ಟಿಲು ಹತ್ತಬಲ್ಲ. ಹಾಗಾದರೆ ಹದಿಮೂರು ವರ್ಷ ಕಾದರೆ ಅವನು ಮನೆಯೊಳಗೆ ಕಾಲಿಡುತ್ತಾನೆ. ಬುಟ್ಟಿಯಲ್ಲಿ ಕೂರಿಸಿ ಎಳೆಯಬಹುದಲ್ಲ ಎಂದು ನೀವು ಹೇಳುವುದಕ್ಕೆ ಮೊದಲೇ ಊರೆಲ್ಲ ಹೇಳಿತ್ತು. ಕಣ್ಣಿಗೆ ಬಟ್ಟೆ ಕಟ್ಟಿ ಎಳೆದೂ ನೋಡಿದೆವು. ಎಂಟಡಿಗೆ ಸರಿಯಾಗಿ ತಲೆ ಸುತ್ತಿ, ಬೆಳಗಿನ ಇಡ್ಲಿಯನ್ನೆಲ್ಲ ಕೆಳಗೆ ಹಗ್ಗ ಹಿಡಿದವರ ಮೇಲೆ ವಾಂತಿ ಮಾಡಿದ. ಅವನ ಹೊಟ್ಟೆಗೆ ಅಡಿ ಲೆಕ್ಕ ಹೇಗೆ ಗೊತ್ತಾಗುತ್ತದೋ ಇವತ್ತಿಗೂ ತಿಳಿದಿಲ್ಲ.

ಹೀಗೆ ನಮ್ಮ ಸಂಸಾರ ಇಪ್ಪತ್ತು ಅಡಿಯ ನಡುವೆ ನಡೆಯತೊಡಗಿತು. ಅವನು ಮನೆಯ ನೆರಳಿನಲ್ಲೇ ತಗಡು ಕಟ್ಟಿಕೊಂಡು ಸೈಕಲ್ ಶಾಪ್ ತೆರೆದ, ಅಲ್ಲೇ ಒಂದು ಮಂಚ ಹಾಕಿಕೊಂಡ. ಹಗಲು ನಾನು ಕೆಳಗಿರುತ್ತಿದ್ದೆ. ಕತ್ತಲಾದರೆ ಮೇಲೆ ಹೋಗಲೇಬೇಕು. ಮೇಲಿನಿಂದ ಅನ್ನ ಸಾರು ಇಳಿಸಲು ಅವನು ಹಳೆಯ ಸೈಕಲ್ಲಿನ ಚೈನು, ಪೆಡಲು, ಫ್ರೀವೀಲು ಜೋಡಿಸಿ ಒಂದು ರಾಟೆ ಮಾಡಿಕೊಟ್ಟ. ಪೆಡಲು ತಿರುಗಿಸಿದರೆ ತೊಟ್ಟು ಸಾರೂ ಚೆಲ್ಲದಂತೆ ಬುಟ್ಟಿ ಏರುತ್ತಿತ್ತು, ಇಳಿಯುತ್ತಿತ್ತು. ಊಟದ ಬುಟ್ಟಿಯಲ್ಲಿ ಅವನು ಒಮ್ಮೊಮ್ಮೆ ಮಲ್ಲಿಗೆ ಕಳಿಸುತ್ತಿದ್ದ. ನಾನು ಬಗ್ಗಿ ನೋಡಿದರೆ ಮಂಚದ ಮೇಲೆ ಅಂಗಾತ ಮಲಗಿ ನಮ್ಮ ಮನೆಯ ಅಡಿಭಾಗವನ್ನು ನೋಡುತ್ತಾ, ಬಲಗಡೆ ಮೂಲೆಯಲ್ಲಿ ಜೇಡ ಕಟ್ಟಿದೆ ಎಂದು ನಗುತ್ತಾ ವರದಿ ಕೊಡುತ್ತಿದ್ದ. ಆ ನಗು ನೋಡಿದರೆ ನನಗೂ ತಲೆ ಸುತ್ತಿದಂತಾಗುತ್ತಿತ್ತು.

ಹೇಳಿಬಿಡುತ್ತೇನೆ, ಕೆಲವು ರಾತ್ರಿ ನಾನು ಮೇಲೆ ಹೋಗಲಿಲ್ಲ. ಮಾರನೆಯ ದಿನ ಮನೆ ಒಂದು ನೂಲು ಏರಿರುತ್ತಿತ್ತು, ಏಣಿಗೂ ಹೊಸ್ತಿಲಿಗೂ ನಡುವೆ ಬೆಳಕು ಕಾಣುತ್ತಿತ್ತು. ಪಕ್ಕದ ಮನೆಯ ಪದ್ಮರಾಜು ಮೇಷ್ಟ್ರು ಪ್ರೌಢಶಾಲೆಯಲ್ಲಿ ಗಣಿತ ಹೇಳಿಕೊಡುವವರು, ಕಣ್ಣು ಬಹಳ ಚುರುಕು. ತಮ್ಮ ಬಾಗಿಲಲ್ಲಿ ನಿಂತು ಹಲ್ಲುಜ್ಜುತ್ತಾ, ಚೆಲುವಮ್ಮ, ನಿಮ್ಮ ಮನೆ ಇವತ್ತು ಸ್ವಲ್ಪ ಎತ್ತರ ಕಾಣುತ್ತದಲ್ಲ ಎನ್ನುತ್ತಿದ್ದರು. ನಾನು ಏನೂ ಗೊತ್ತಿಲ್ಲದವಳಂತೆ ಏಣಿಯ ಬುಡಕ್ಕೆ ಚಕ್ಕೆ ಕೊಡುತ್ತಿದ್ದೆ. ಸಾವಿರ ರೂಪಾಯಿ ಹೋಯಿತೆಂದು ಸಂಕಟವಾಗುತ್ತಿತ್ತು. ಸಂಕಟಕ್ಕಿಂತ ನಗು ಹೆಚ್ಚು ಬರುತ್ತಿತ್ತು.

ಸಾಲಕ್ಕೆ ಒಂದು ವರ್ಷ ತುಂಬಿದ ದಿನ ನಾನು ತಲೆಗೆ ಸ್ನಾನ ಮಾಡಿ, ಗರಗಸಕ್ಕೆ ಕುಂಕುಮವಿಟ್ಟು, ಸ್ವಂತ ಏಣಿ ಕೊಯ್ಯಲು ಇಳಿದೆ. ತಿಂಗಳು ತಿಂಗಳಿಗೆ ಹದಿನೆಂಟು ಸಾವಿರ, ಒಂದು ದಿನ ತಡವಿಲ್ಲದೆ ಕಟ್ಟಿದ್ದೆವು. ಕೆಂಪು ಬಣ್ಣದ ಮೊದಲ ಮೆಟ್ಟಿಲನ್ನು ಕೊಯ್ದು ಶಿವನಂಜನ ಕೈಗೆ ಕೊಡುವುದೆಂದು ಮಾತಾಗಿತ್ತು. ಅಳತೆ ಪಟ್ಟಿ ಹಿಡಿದೆ. ಮನೆ ಇಳಿದದ್ದು ನಾಲ್ಕು ಇಂಚು. ಮತ್ತೆ ಹಿಡಿದೆ. ನಾಲ್ಕೇ. ನಮ್ಮ ದುಬಾರಿ ರಾತ್ರಿಗಳ ನೂಲನ್ನು ಕೂಡಿಸಿಕೊಂಡರೂ ಒಂದಡಿಯ ಹತ್ತಿರ ಸುಳಿಯುವಂತಿರಲಿಲ್ಲ. ಕೆಂಪು ಮೆಟ್ಟಿಲು ಹಾಗೆಯೇ ಇತ್ತು, ಅದರ ಕೆಳಗಿನ ಕಾಲಿನ ತುಂಡು ಮಾತ್ರ ನನ್ನ ಕೈಗೆ ಬಂತು. ಶಿವನಂಜ ಅದನ್ನು ಅಂಗೈಯಲ್ಲಿಟ್ಟುಕೊಂಡು, ಚಪಾತಿ ಲಟ್ಟಿಸಲೂ ಸಾಲದಲ್ಲೇ ಎಂದ. ನಗಲಿಲ್ಲ. ತಮಾಷೆ ಮಾಡಿ ಅವನು ನಗದೆ ಇದ್ದದ್ದನ್ನು ನಾನು ಅಂದೇ ಮೊದಲು ನೋಡಿದ್ದು, ನನಗೆ ಭಯವಾಯಿತು.

ಗರಗಸ ಹಿಡಿದುಕೊಂಡೇ ಬ್ಯಾಂಕಿಗೆ ಹೋದೆ. ಮ್ಯಾನೇಜರ್ ವಿರೂಪಾಕ್ಷಯ್ಯನವರು ಸಂಭಾವಿತರು, ಗರಗಸವನ್ನು ನೋಡಿಯೂ ನೋಡದವರಂತೆ ಕುರ್ಚಿ ತೋರಿಸಿದರು, ಕಾಫಿ ತರಿಸಿದರು. ಮನೆ ಎಲ್ಲೋ ಸಿಕ್ಕಿಕೊಂಡಿದೆ, ಯಾರನ್ನಾದರೂ ಕಳಿಸಿ ಬಿಡಿಸಿ ಎಂದೆ. ಅವರು ಒಂದು ಹಾಳೆ ತೆಗೆದು ನನ್ನ ಮುಂದಿಟ್ಟರು.

"ನೋಡಮ್ಮ, ನೀವು ಕಟ್ಟೋ ಹದಿನೆಂಟು ಸಾವಿರದಲ್ಲಿ ಹದಿನೈದು ಸಾವಿರ ಬಡ್ಡಿ. ಬಡ್ಡಿಗೆ ಮನೆ ಇಳಿಯಲ್ಲ, ಮೇಲೆ ಹೋಗ್ದೆ ಇದ್ದಲ್ಲೇ ಇರುತ್ತೆ. ಮಿಕ್ಕ ಮೂರು ಸಾವಿರಕ್ಕೆ ಇಳಿಯುತ್ತೆ. ತಿಂಗಳಿಗೆ ಮೂರು ನೂಲು."

ಇದನ್ನು ಮೊದಲೇ ಯಾಕೆ ಹೇಳಲಿಲ್ಲ ಎಂದೆ. ಹಾಳೆಯ ಕೆಳಗೆ ನನ್ನದೇ ಸಹಿ ಇತ್ತು. ಇದೇ ಹಾಳೆಯನ್ನು ಮುಟ್ಟಿ ಕಣ್ಣಿಗೊತ್ತಿಕೊಂಡು ಸಹಿ ಹಾಕಿದ್ದೆ, ಓದಿರಲಿಲ್ಲ. ನನ್ನ ಮುಖ ನೋಡಿ ವಿರೂಪಾಕ್ಷಯ್ಯನವರಿಗೆ ಪಾಪವೆನಿಸಿರಬೇಕು. ಭಾರವಾಗುವುದಾದರೆ ಒಂದು ದಾರಿಯಿದೆ, ಇಪ್ಪತ್ತು ವರ್ಷವನ್ನು ಮೂವತ್ತು ಮಾಡಿಕೊಡುತ್ತೇನೆ, ಕಂತು ಹದಿನಾರು ಸಾವಿರಕ್ಕೆ ಇಳಿಯುತ್ತದೆ, ನಿಮ್ಮ ಪಕ್ಕದ ಮನೆ ಮೇಷ್ಟ್ರು ಹಾಗೆಯೇ ಮಾಡಿಕೊಂಡಿದ್ದಾರೆ, ಕೇಳಿ ನೋಡಿ ಎಂದರು. ತಿಂಗಳಿಗೆ ಎರಡು ಸಾವಿರ ಉಳಿಯುತ್ತದೆ ಎಂದರೆ ಯಾರಿಗೆ ಬೇಡ. ಗಣಿತದ ಮೇಷ್ಟ್ರೇ ಒಪ್ಪಿದ ಮೇಲೆ ನನ್ನದೇನು ಎಂದುಕೊಂಡು, ನಾಳೆ ಗಂಡನನ್ನು ಕರೆತಂದು ಸಹಿ ಹಾಕುತ್ತೇನೆ ಎಂದು ಹೇಳಿ ಎದ್ದೆ. ದಾರಿಯಲ್ಲಿ ಗರಗಸ ಕೊಟ್ಟು ಹೋಗೋಣವೆಂದು ಅತ್ತೆಯ ಮನೆಗೆ ಹೊಕ್ಕೆ. ಹೊಕ್ಕದ್ದು ನಮ್ಮ ಪುಣ್ಯ.

ನಿಂಗಾಜತ್ತೆಗೆ ಒಂದು ಚಾಳಿ ಇತ್ತು. ಕೊಯ್ದ ತುಂಡುಗಳನ್ನು ಅವಳು ಒಲೆಗೆ ಹಾಕುತ್ತಿರಲಿಲ್ಲ. ಒಂದೊಂದಕ್ಕೂ ತೂತು ಕೊರೆದು, ಮನೆಗೊಂದು ದಾರದಂತೆ ಪೋಣಿಸಿ ಹಿತ್ತಲಿನ ಗೋಡೆಗೆ ನೇತುಹಾಕುತ್ತಿದ್ದಳು. ನಾನು ಅದನ್ನು ನೂರು ಸಲ ನೋಡಿದ್ದೆ, ಮುದುಕಿಯ ಹುಚ್ಚು ಎಂದುಕೊಂಡಿದ್ದೆ. ಆ ದಿನ ನನ್ನ ನಾಲ್ಕು ಇಂಚಿನ ಗೋಳನ್ನೆಲ್ಲ ಕೇಳಿ, ಅವಳು ಒಂದು ದಾರ ಬಿಚ್ಚಿ ತಂದು ಜಗಲಿಯ ಮೇಲೆ ಸುರಿದಳು. ಹಿಂದಿನ ವರ್ಷ ನೆಲಕ್ಕೆ ಕೂತ ಪೋಸ್ಟ್ ಮಾಸ್ಟರ ಮನೆಯ ತುಂಡುಗಳು. ಅವರದೂ ಇಪ್ಪತ್ತು ಅಡಿ, ಇಪ್ಪತ್ತು ವರ್ಷ. ಅತ್ತೆ ಅವನ್ನು ವರ್ಷದ ಪ್ರಕಾರ ಸಾಲಾಗಿ ಜೋಡಿಸಿದಳು. ಮೊದಲನೆಯದು ನಾಲ್ಕೂವರೆ ಇಂಚು. ಎರಡನೆಯದು ಅದಕ್ಕಿಂತ ಬೆರಳಷ್ಟೂ ಹೆಚ್ಚಿಲ್ಲ. ಹತ್ತನೆಯದು ಹತ್ತು ಇಂಚು. ಕೊನೆಯದು ಎರಡಡಿಗೂ ಉದ್ದ. ನಾನು ಯಾರನ್ನು ಶ್ರಮಜೀವಿ ಎಂದುಕೊಂಡಿದ್ದೆನೋ ಅವರು ಕೊನೆಯ ವರ್ಷದವರು. ಯಾರಿಗೆ ಸೋಮಾರಿ ಎಂದು ಬೈದಿದ್ದೆನೋ ಅವರು ಮೊದಲನೆಯ ವರ್ಷದವರು. ಕಂತು ಎಲ್ಲರದೂ ಒಂದೇ.

ಅತ್ತೆ ಕೋಲಿನಿಂದ ತೋರಿಸುತ್ತಾ ಹೋದಳು. ಅರ್ಧ ಏಣಿ ಹೋಗುವುದಕ್ಕೆ ಹದಿನಾಲ್ಕು ವರ್ಷ. ಶಿವನಂಜನ ಏಳನೆಯ ಮೆಟ್ಟಿಲು ಸಿಗುವುದು ಹದಿನಾರು ವರ್ಷಕ್ಕೆ. ಅಷ್ಟರಲ್ಲಿ ಅವನಿಗೆ ನಲವತ್ತೇಳು. ಇಪ್ಪತ್ತು ವರ್ಷಕ್ಕೆ ಒಟ್ಟು ಕಟ್ಟುವುದು ಎಷ್ಟು ಎಂದು ನಾನು ಆವತ್ತು ಮೊದಲ ಸಲ ಗುಣಿಸಿ ನೋಡಿದೆ. ನಲವತ್ತಮೂರು ಲಕ್ಷ. ಇಪ್ಪತ್ತು ಲಕ್ಷದ ಒಂದು ಮನೆಗೆ ಎರಡು ಮನೆಯ ದುಡ್ಡು, ಮೇಲೆ ಒಂದು ದನದ ಕೊಟ್ಟಿಗೆ. ಮೇಷ್ಟ್ರ ದಾರವನ್ನೂ ಇಳಿಸಿದೆವು. ಮೂವತ್ತು ವರ್ಷದ ಸಾಲ, ಹನ್ನೊಂದು ತುಂಡು. ಎಲ್ಲ ಸೇರಿಸಿದರೂ ಎರಡೂವರೆ ಅಡಿ ಆಗಲಿಲ್ಲ. ಅಷ್ಟು ಹೊತ್ತಿಗೆ ಅವರು ಇಪ್ಪತ್ತೊಂದು ಲಕ್ಷ ಕಟ್ಟಿದ್ದರು. ತಂದದ್ದಕ್ಕಿಂತ ಹೆಚ್ಚು ಕೊಟ್ಟು, ಇನ್ನೂ ಹದಿನೇಳೂವರೆ ಅಡಿ ಮೇಲೆ ನಿಂತು ಹಲ್ಲುಜ್ಜುತ್ತಿದ್ದರು. ನನಗೆ ಅಳು ಬರಬೇಕಿತ್ತು. ನಗು ಬಂತು, ತಡೆಯಲಾಗದೆ ಜಗಲಿಯ ಮೇಲೆ ಉರುಳಾಡಿ ನಕ್ಕೆ. ಅತ್ತೆ ಹಣೆಯ ಮೇಲೆ ಕೈಯಿಟ್ಟು ಜ್ವರ ಇದೆಯೇ ಎಂದು ನೋಡಿದಳು.

ನಲವತ್ತು ವರ್ಷದಿಂದ ಇದು ಗೊತ್ತಿದ್ದೂ ಯಾರಿಗೂ ಹೇಳಲಿಲ್ಲವಲ್ಲ ಎಂದು ಅವಳ ಮೇಲೆ ರೇಗಿದೆ.

"ಕೇಳಿದ್ರೆ ಹೇಳ್ತಿದ್ದೆ ಮಗಾ. ಎಲ್ರೂ ತಿಂಗ್ಳಿಗೆ ಎಷ್ಟು ಅಂತ ಕೇಳ್ತಾರೆ. ಒಟ್ಟು ಎಷ್ಟು ಅಂತ ಒಬ್ರೂ ಕೇಳಿಲ್ಲ" ಎಂದಳು ಅತ್ತೆ.

ತುಂಡುಗಳನ್ನು ಮತ್ತೆ ಪೋಣಿಸಲು ಎತ್ತಿಕೊಳ್ಳುತ್ತಿದ್ದಾಗ ಕೈ ತಪ್ಪಿ ಎರಡನೆಯ ವರ್ಷದ ತುಂಡು ಮೊದಲನೆಯದರ ಪಕ್ಕಕ್ಕೆ ಉರುಳಿತು. ಖಾಲಿಯಾದ ಜಾಗಕ್ಕೆ ನಾನು ಸುಮ್ಮನೆ ಮೂರನೆಯದನ್ನು ಸರಿಸಿದೆ, ಮೂರರ ಜಾಗಕ್ಕೆ ನಾಲ್ಕನೆಯದನ್ನು. ಹಾಗೆ ಸರಿಸುತ್ತಾ ಹೋದಂತೆ ಕೊನೆಯಲ್ಲಿ ಇಪ್ಪತ್ತನೆಯ ವರ್ಷದ ಜಾಗ ಬರಿದಾಗಿ ಉಳಿಯಿತು. ಅದನ್ನೇ ನೋಡುತ್ತಾ ಕೂತೆ. ಎರಡನೆಯ ವರ್ಷದ ಆ ಪುಟ್ಟ ತುಂಡಿನ ಬೆಲೆ ನಲವತ್ತೊಂದು ಸಾವಿರ. ಅದನ್ನು ಈಗಲೇ ಕೊಟ್ಟುಬಿಟ್ಟರೆ ಕೊನೆಯಲ್ಲಿ ಇಡೀ ಒಂದು ವರ್ಷವೇ ಇಲ್ಲ, ಹನ್ನೆರಡು ಕಂತು, ಎರಡು ಲಕ್ಷ ಹದಿನಾರು ಸಾವಿರ. ಈಗ ತಿಂಗಳಿಗೆ ಮೂರು ಸಾವಿರ ಚಿಲ್ಲರೆ ಹೆಚ್ಚಿಗೆ ಹಾಕಿದರೆ ಆ ಕಡೆಯಿಂದ ಹದಿನೆಂಟು ಸಾವಿರದ ಒಂದೊಂದು ಕಂತು ಉದುರಿಹೋಗುತ್ತದೆ. ಗರಗಸವನ್ನು ಅತ್ತೆಯ ಜಗಲಿಯ ಮೇಲೇ ಬಿಟ್ಟು, ಸೀರೆ ಎತ್ತಿ ಕಟ್ಟಿ ಓಡಿದೆ.

ಶಿವನಂಜ ಪಂಕ್ಚರ್ ಹಾಕುತ್ತಿದ್ದ. ನಾನು ನೆಲದ ಮೇಲೆ ಸ್ಪೋಕುಗಳನ್ನು ಜೋಡಿಸಿ ತೋರಿಸಿದೆ. ಅವನು ಎರಡು ಸಲ ಕೇಳಿ, ಮೂರನೆಯ ಸಲ ತಾನೇ ಸರಿಸಿ ನೋಡಿದ. ಆಮೇಲೆ ಅವನು ಕೇಳಿದ್ದು ಬೇರೆಯದೇ.

"ಹಾಗಾದ್ರೆ ಆ ರಾತ್ರಿಗಳು ಸಾವಿರ ಅಲ್ವೇನೇ? ಐದಾರು ಸಾವಿರ ಬಿತ್ತಾ?"

ಹೌದು ಎಂದೆ. ಅವನು ಕೈಗೆ ಮೆತ್ತಿದ ಸೊಲ್ಯೂಷನ್ ಒರೆಸಿಕೊಂಡು, ಪರವಾಗಿಲ್ಲ ಬಿಡು, ಕಡಿಮೆಯೇ ಆಯಿತು ಎಂದ. ಇಂಥವನನ್ನು ಹದಿನಾರು ವರ್ಷ ಕೆಳಗೆ ಬಿಡುವುದು ನನ್ನಿಂದ ಸಾಧ್ಯವಿಲ್ಲ ಎಂದು ಅಲ್ಲೇ ಗಟ್ಟಿ ಮಾಡಿಕೊಂಡೆ.

ಮಾರನೆಯ ದಿನ ವಿರೂಪಾಕ್ಷಯ್ಯನವರು ಮೂವತ್ತು ವರ್ಷದ ಪತ್ರ ಸಿದ್ಧ ಮಾಡಿಟ್ಟುಕೊಂಡಿದ್ದರು. ನಾನು ಅದನ್ನು ಪಕ್ಕಕ್ಕೆ ಸರಿಸಿ, ಬಳೆ ಮಾರಿ ತಂದ ನಲವತ್ತೊಂದು ಸಾವಿರ ಎಣಿಸಿಟ್ಟೆ. ಕಂತಿಗಲ್ಲ, ಬಡ್ಡಿಗಲ್ಲ, ಅಸಲಿಗೆ ಎಂದು ಬರೆದುಕೊಳ್ಳಿ ಎಂದೆ. ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಹಾಗೆ ಕಟ್ಟಬಹುದೆಂದು ಪತ್ರದಲ್ಲಿ ಇದ್ದೇ ಇತ್ತಂತೆ, ಯಾರೂ ಕಟ್ಟಿರಲಿಲ್ಲವಂತೆ. ಅವರು ರಸೀದಿಗೆ ಮುದ್ರೆ ಒತ್ತಿದ ಗಳಿಗೆಗೆ ನಮ್ಮ ಮನೆ ಟಕ್ಕೆಂದು ಐದು ಇಂಚು ಇಳಿಯಿತು. ಆ ಸದ್ದು ಬೀದಿಗೆಲ್ಲ ಕೇಳಿಸಿತು ಎಂದು ಶಿವನಂಜ ಆಮೇಲೆ ಹೇಳಿದ. ಅಂದು ರಜೆಯಲ್ಲಿದ್ದ ಮೇಷ್ಟ್ರು ಬಾಯಲ್ಲಿದ್ದ ಬ್ರಷ್ಷು ಹಾಗೇ ಬಿಟ್ಟು ಹೊರಗೆ ಬಂದರಂತೆ.

ಮೇಷ್ಟ್ರಿಗೆ ಲೆಕ್ಕ ವಿವರಿಸಿದ್ದು ನಾನೇ. ಅವರದೇ ತುಂಡುಗಳನ್ನು ಅವರ ಮುಂದೆ ಇಟ್ಟೆ. ಮಾರನೆಯ ದಿನ ತರಗತಿಯಲ್ಲಿ ಪಾಠ ನಿಲ್ಲಿಸಿ ಅದೇ ಲೆಕ್ಕವನ್ನು ಕಪ್ಪು ಹಲಗೆಯ ತುಂಬ ಮಾಡಿದರಂತೆ. ಮಕ್ಕಳು ಮನೆಗೆ ಹೋಗಿ ಅಪ್ಪ ಅಮ್ಮಂದಿರನ್ನು, ಒಟ್ಟು ಎಷ್ಟು ಎಂದು ಕೇಳಿದವು. ಅಲ್ಲಿಂದ ಊರಿಗೆ ಒಂದು ಉನ್ಮಾದ ಹಿಡಿಯಿತು. ಬೋನಸ್ಸು ಬಂದರೆ ಟಕ್ಕೆಂದು ಒಂದು ಸದ್ದು, ಹಸು ಮಾರಿದರೆ ಟಕ್, ಚೀಟಿ ಎತ್ತಿದರೆ ಟಕ್. ತಟ್ಟೆ ಲೋಟ ಅಲುಗಾಡಿದರೆ ಹೆಂಗಸರು ಕಿಟಕಿಯಿಂದ ಬಗ್ಗಿ, ಯಾರದು ಇಳಿದದ್ದು ಎಂದು ವಿಚಾರಿಸುತ್ತಿದ್ದರು. ವರ್ಷಕ್ಕೊಮ್ಮೆ ಕರೆಯುತ್ತಿದ್ದವರು ನನ್ನನ್ನು ತಿಂಗಳಿಗೊಮ್ಮೆ ಕರೆದರು. ನಾನು ಬೈದು ಬಂದಿದ್ದ ಜೋಡಿಯ ಮನೆಗೆ ಹೋಗಿ ತಪ್ಪಾಯಿತೆಂದು ಹೇಳಿ, ಮೂರು ಸಲ ಬಿಟ್ಟಿ ಕೊಯ್ದು ಕೊಟ್ಟೆ.

ಶಿವನಂಜನ ರಾಟೆಗೆ ಅದೃಷ್ಟ ಖುಲಾಯಿಸಿತು. ಸಾರು ಚೆಲ್ಲದ ರಾಟೆ ನಮಗೂ ಬೇಕೆಂದು ತೇಲುವ ಮನೆಯವರೆಲ್ಲ ಬಂದರು. ಹಳೆಯ ಸೈಕಲ್ಲುಗಳನ್ನು ಕೊಂಡು ರಾಟೆ ಮಾಡಿ ಕೊಡುತ್ತಿದ್ದ. ಅದರಲ್ಲಿ ಬಂದ ಒಂದು ರೂಪಾಯಿಯನ್ನೂ ನಾವು ಮುಟ್ಟಲಿಲ್ಲ. ಕಂತಿನ ಮೇಲೆ ತಿಂಗಳಿಗೆ ಹತ್ತು ಸಾವಿರ, ಒಮ್ಮೊಮ್ಮೆ ಹೆಚ್ಚು, ನೇರ ಅಸಲಿಗೆ. ಸಿನಿಮಾ ಇಲ್ಲ, ಹೊಸ ಸೀರೆ ಇಲ್ಲ, ಹಬ್ಬಕ್ಕೊಂದು 'ನೂಲು' ಮಾತ್ರ ಇತ್ತು. ಮೂರನೆಯ ವರ್ಷ ನಮ್ಮ ಮಗಳು ಹೇಮಾವತಿ ಹುಟ್ಟಿದಳು. ಯಾವ ನೂಲಿನವಳು ಎಂದು ಮೇಷ್ಟ್ರು ಬಹುಶಃ ಇಂದಿಗೂ ಹೇಳಬಲ್ಲರು. ಅವಳು ನಡೆಯುವುದಕ್ಕಿಂತ ಮೊದಲು ಏಣಿ ಹತ್ತಿದಳು. ಮೇಲೆ ಊಟ, ಕೆಳಗೆ ಆಟ, ಅಪ್ಪನೆಂದರೆ ಮನೆಯ ಕೆಳಗಿರುವವನು ಎಂದೇ ತಿಳಿದುಕೊಂಡಿದ್ದಳು. ಎಲ್ಲ ಮಕ್ಕಳ ಅಪ್ಪಂದಿರೂ ಕೆಳಗಿರುವುದಿಲ್ಲ ಎಂದು ಗೊತ್ತಾದ ದಿನ ಬಂದು ನನ್ನನ್ನು ಕೇಳಿದಳು, ಅಪ್ಪ ಯಾವಾಗ ಮನೆಗೆ ಬರುತ್ತಾನೆ ಎಂದು. ಆ ತಿಂಗಳು ನಾನು ನನ್ನ ಹೊಲಿಗೆ ಮಿಷನ್ನನ್ನೂ ಮಾರಿದೆ.

ಹದಿನಾರು ವರ್ಷಕ್ಕೆ ಬರಬೇಕಾಗಿದ್ದ ದಿನ ಏಳು ವರ್ಷಕ್ಕೆ ಬಂತು. ಎಂಟನೆಯ ಮೆಟ್ಟಿಲನ್ನು ನಾನೇ ಕೊಯ್ದು ತೆಗೆದು, ಏಳು ಮೆಟ್ಟಿಲಿನ ಏಣಿಯನ್ನು ಹೊಸ್ತಿಲಿಗೆ ಒರಗಿಸಿದೆ. ಶಿವನಂಜ ಮದುವೆಯ ಪಂಚೆ ಉಟ್ಟಿದ್ದ. ಅತ್ತೆ ಬಂದಳು, ಮೇಷ್ಟ್ರು ಬಂದರು, ವಿರೂಪಾಕ್ಷಯ್ಯನವರೂ ಸಿಹಿ ಹಿಡಿದುಕೊಂಡು ಬಂದರು. ಹೇಮಾವತಿ ಬಾಗಿಲಲ್ಲಿ ಕೂತು ಒಂದು, ಎರಡು ಎಂದು ಎಣಿಸಿದಳು. ಅವನು ಮೇಲೆ ಅವಳ ಮುಖವನ್ನೇ ನೋಡುತ್ತಾ ಹತ್ತಿದ. ಏಳು ಎಂದಾಗ ಅವನ ಕೈ ಹೊಸ್ತಿಲು ಹಿಡಿಯಿತು, ಮೊಣಕಾಲು ಊರಿ ಒಳಗೆ ಉರುಳಿದ. ಒಳಗೆ ಹೋದವನು ಗೋಡೆ ಮುಟ್ಟಿದ, ಒಲೆ ಮುಟ್ಟಿದ, ನನ್ನ ಸೀರೆ ಒಣಗಿಸಿದ್ದ ಹಗ್ಗ ಮುಟ್ಟಿದ. ಏಳು ವರ್ಷ ಕೆಳಗಿನಿಂದ ನೋಡಿದ್ದ ಮನೆ, ಒಳಗೆ ಇಷ್ಟು ದೊಡ್ಡದೇ ಎಂದು ಕೇಳಿದ. ನಾನು ಅತ್ತೆ ಕೊಟ್ಟ ಆರತಿ ತಟ್ಟೆ ಹಿಡಿದುಕೊಂಡೇ ಅತ್ತುಬಿಟ್ಟೆ.

ಸಂಜೆ ಅಂಗಡಿ ಮುಚ್ಚಿ ಬರುತ್ತೇನೆಂದು ಅವನು ಬಾಗಿಲಿಗೆ ಹೋದ. ಹೋಗಿ, ಹಾಗೆಯೇ ಹಿಂದಕ್ಕೆ ಬಂದು ನೆಲದ ಮೇಲೆ ಕೂತ. ಹತ್ತುವಾಗ ಮೇಲೆ ನೋಡಿದರೆ ಸಾಕು, ಇಳಿಯುವಾಗ ಕೆಳಗೆ ನೋಡಬೇಕು. ಗೃಹಪ್ರವೇಶದ ದಿನ ಎಂಟರಿಂದ ಅವನನ್ನು ಇಳಿಸಿದ್ದು ನಾಲ್ಕು ಜನ ಎಂಬುದನ್ನು ನಾವಿಬ್ಬರೂ ಮರೆತೇಬಿಟ್ಟಿದ್ದೆವು.

"ಹತ್ತೋ ಲೆಕ್ಕ ಹಾಕಿದ್ವಿ ಚೆಲುವಿ" ಎಂದ. "ಇಳಿಯೋದು ಹಾಕ್ಲೇ ಇಲ್ಲ."

ನಾನು ಅವನ ಪಕ್ಕದಲ್ಲಿ ಕೂತೆ. ಸಾಲದ ಪತ್ರಕ್ಕೆ ಸಹಿ ಹಾಕಿದ ದಿನವೂ ನಾವು ಹೀಗೆಯೇ, ಹತ್ತುವ ಲೆಕ್ಕ ಹಾಕಿ ಎದ್ದಿದ್ದೆವು. ಇಬ್ಬರಿಗೂ ಅದು ಒಟ್ಟಿಗೇ ಹೊಳೆಯಿತು. ಮೊದಲು ಅವನಿಗೆ ನಗು ಬಂತು, ಆಮೇಲೆ ನನಗೆ, ಏನೂ ಅರ್ಥವಾಗದೆ ಹೇಮಾವತಿಯೂ ನಕ್ಕಳು. ಮನೆ ಅಲ್ಲಾಡುವಷ್ಟು ನಕ್ಕೆವು. ಪಕ್ಕದಿಂದ ಮೇಷ್ಟ್ರು, ಎಷ್ಟು ಇಳಿಯಿತು ಎಂದು ಕೂಗಿ ಕೇಳಿದರು.

ಹೀಗೆ ಏಳು ವರ್ಷ ಕೆಳಗಿದ್ದ ಗಂಡ ಮೇಲಾದ. ಸೈಕಲ್ಲುಗಳನ್ನು ಗಿರಾಕಿಗಳು ಕೆಳಗೆ ರಾಟೆಗೆ ಸಿಕ್ಕಿಸುತ್ತಿದ್ದರು, ಅವನು ಎಳೆದುಕೊಂಡು ನಡುಮನೆಯಲ್ಲಿ ರಿಪೇರಿ ಮಾಡಿ ಇಳಿಸುತ್ತಿದ್ದ. ಮನೆಯೆಲ್ಲ ಗ್ರೀಸಿನ ವಾಸನೆ. ಊಟಕ್ಕೆ ಕೂತರೆ ತಟ್ಟೆಯ ಪಕ್ಕ ಬೇರಿಂಗಿನ ಬಾಲ್ಸು ಉರುಳುತ್ತಿತ್ತು. ನನಗೆ ಅಷ್ಟು ಸಂತೋಷ ಯಾವತ್ತೂ ಆಗಿರಲಿಲ್ಲ. ಇನ್ನು ನೂಲಿನ ಭಯವೂ ಇಲ್ಲ. ಆದರೂ ಅವನು ಬಾಗಿಲ ಹತ್ತಿರ ಸುಳಿಯುತ್ತಿರಲಿಲ್ಲ. ಬೀದಿಯಲ್ಲಿ ಮೆರವಣಿಗೆ ಹೋದರೆ ಒಳಗಿನಿಂದಲೇ ಸದ್ದು ಕೇಳುತ್ತಿದ್ದ. ಅವನಿಗೆ ಮನೆ ಕೊಡಿಸಿದೆ, ಬೀದಿ ಕಿತ್ತುಕೊಂಡೆ ಎಂದು ನನಗೆ ಚುಚ್ಚುತ್ತಿತ್ತು. ಉಳಿದ ಏಳು ಲಕ್ಷದ ಹಿಂದೆ ಹಟ ಹಿಡಿದು ಬಿದ್ದೆ. ಆಗ ಕಟ್ಟಿದ ಕಂತಿನಲ್ಲಿ ಮೊದಲಿನಂತೆ ಬಡ್ಡಿಯೇ ಎಲ್ಲವನ್ನೂ ತಿನ್ನುತ್ತಿರಲಿಲ್ಲ, ತಿಂಗಳಿಗೆ ಮೂರು ಇಂಚು ಇಳಿದದ್ದೂ ಉಂಟು.

ಒಂಬತ್ತು ವರ್ಷ ಮೂರು ತಿಂಗಳಿಗೆ ಕೊನೆಯ ಕಂತು ಕಟ್ಟಿದೆ. ವಿರೂಪಾಕ್ಷಯ್ಯನವರು ಒಟ್ಟು ಕೂಡಿ ತೋರಿಸಿದರು, ನಾನು ಕೇಳಿದ್ದಕ್ಕೆ. ಮೂವತ್ತು ಲಕ್ಷ. ನಲವತ್ತಮೂರರ ಮುಂದೆ ಕಡಿಮೆ, ಇಪ್ಪತ್ತರ ಮುಂದೆ ಹೆಚ್ಚೇ. ಅವರು ಮುದ್ರೆ ಒತ್ತಿದ ಕೂಡಲೇ ಹೊರಟು ಓಡಿದೆ. ಬೀದಿಯ ತುಂಬ ಜನ, ಎಲ್ಲರ ಮುಷ್ಟಿಯಲ್ಲೂ ಮಣ್ಣು. ನಮ್ಮ ಮನೆ ಶಿವನಂಜನ ಹಳೆಯ ಮಂಚವಿದ್ದ ಜಾಗದ ಮೇಲೆ ಗಟ್ಟಿಯಾಗಿ ಕೂತಿತ್ತು. ಅವನು ಬಾಗಿಲಲ್ಲಿ ಬೀದಿಗೆ ಬೆನ್ನು ಮಾಡಿ, ಎರಡೂ ಕೈಗಳಿಂದ ಬಾಗಿಲ ಚೌಕಟ್ಟು ಹಿಡಿದು, ಕಣ್ಣು ಬಿಗಿಯಾಗಿ ಮುಚ್ಚಿ, ಒಂದು ಕಾಲನ್ನು ಹೊರಗೆ ಇಳಿಬಿಟ್ಟು ಮೆಟ್ಟಿಲು ಹುಡುಕುತ್ತಿದ್ದ. ಕಾಲು ಮಣ್ಣಿಗೆ ತಾಗಿತು. ಬೆರಳುಗಳು ಮಣ್ಣನ್ನು ಮುಟ್ಟಿ ಮುಟ್ಟಿ ನೋಡಿದವು.

"ಚೆಲುವಿ, ಇದೆಷ್ಟನೇ ಮೆಟ್ಟಿಲು?"

"ಮುಗೀತು ರೀ. ಇನ್ನು ಮೆಟ್ಟಿಲಿಲ್ಲ."

ಅವನು ಇನ್ನೊಂದು ಕಾಲನ್ನೂ ಇಳಿಸಿದ. ಚೌಕಟ್ಟಿನಿಂದ ಬೆರಳುಗಳನ್ನು ಒಂದೊಂದಾಗಿ, ಈ ಸಲ ತಾನೇ ಬಿಡಿಸಿಕೊಂಡ. ಆಮೇಲೆ ಕಣ್ಣು ತೆರೆದು ಕೆಳಗೆ ನೋಡಿದ. ಬಹಳ ಹೊತ್ತು ನೋಡುತ್ತಲೇ ನಿಂತ.